ನನ್ನ ಪಾಲಿನ ಚಿಕ್ಕು

ನಾನು ಮದುವೆಯಾಗಿ ಇಳಕಲ್ಲಿಗೆ ಬಂದದ್ದು ಎಪ್ಪತ್ತರ ದಶಕದ ಕೊನೆಯಲ್ಲಿ. ಗಂಡನ ಮನೆಯಲ್ಲಿ ಎರಡು ಮಗ್ಗ, ಅತ್ತೆ, ಭಾವ, ಭಾವನ ಹೆಂಡತಿ. ಹಿತ್ತಲಲ್ಲಿ ಒಂದು ಚಿಕ್ಕು ಗಿಡ, ತೀರಿಹೋದ ಮಾವನವರು ಹಚ್ಚಿದ್ದು. ಅದರ ಹಣ್ಣನ್ನು ಮನೆಮಂದಿಯೆಲ್ಲ ಬೈಯುತ್ತಿದ್ದರು. ಜೋಳದ ಚೀಲದಲ್ಲಿ ಹುಗಿದಿಟ್ಟರೂ ಅದು ಸುಕ್ಕುಗಟ್ಟುತ್ತಿತ್ತೇ ಹೊರತು ಮೆತ್ತಗಾಗುತ್ತಿರಲಿಲ್ಲ. ಕಚ್ಚಿದರೆ ತುಟಿಗೆಲ್ಲ ಅಂಟು, ನಾಲಿಗೆಗೆ ಒಗರು.

"ಜಾತಿನೇ ಖೊಟ್ಟಿ," ಅನ್ನುತ್ತಿದ್ದರು ಭಾವ.

ಜಾತಿ ಖೊಟ್ಟಿಯಲ್ಲ ಎಂದು ನನಗೆ ಮೊದಲ ವರ್ಷವೇ ಗೊತ್ತಾಗಿತ್ತು. ನನ್ನ ತವರು ಬನಶಂಕರಿ ಪಕ್ಕದ ಚೊಳಚಗುಡ್ಡ. ಅಪ್ಪ ಅಲ್ಲಿ ಇನ್ನೊಬ್ಬರ ತೋಟ ಕಾಯುತ್ತಿದ್ದ. ಬುಟ್ಟಿ ಹೊತ್ತು ಅವನ ಹಿಂದೆ ತಿರುಗುತ್ತಲೇ ನಾನು ಚಿಕ್ಕು ಕೀಳುವುದನ್ನು ಕಲಿತವಳು. ಗಿಡದಲ್ಲೇ ಹಣ್ಣಾಗಲಿ ಎಂದು ಬಿಟ್ಟರೆ ಬಾವಲಿಗಳ ಪಾಲು. ಬಲಿಯುವ ಮೊದಲೇ ಕಿತ್ತರೆ ಯಾರ ಪಾಲೂ ಅಲ್ಲ. ಕಾಯಿಯ ಮೈಮೇಲಿನ ಕಂದು ಹೊಟ್ಟು ಸವರಿದರೆ ಕೈಗೆ ಉದುರಬೇಕು. ಉಗುರಿನಿಂದ ಸಣ್ಣಗೆ ಗೀರಬೇಕು. ಸಿಪ್ಪೆಯ ಕೆಳಗೆ ಹಸಿರು ಕಂಡರೆ ಬಿಟ್ಟು ಬರಬೇಕು, ಹಳದಿ ಕಂಡರೆ ಕೀಳಬೇಕು. ಗಾತ್ರವನ್ನು ನಂಬಬಾರದು. ಒಂದೇ ಕೊಂಬೆಯ ಎರಡು ಕಾಯಿ ಒಂದೇ ದಿನ ಬಲಿಯುವುದೂ ಇಲ್ಲ.

ಭಾವನವರಿಗೆ ಇದ್ಯಾವುದೂ ಬೇಕಿರಲಿಲ್ಲ. ಸಂಕ್ರಾಂತಿ ಮುಗಿದ ಮೇಲಿನ ಎರಡನೇ ಸೋಮವಾರ ತಮ್ಮ ಮಗ್ಗ ನಿಲ್ಲಿಸಿ, ಏಣಿ ಹಚ್ಚಿ, ದೊಡ್ಡದು ಸಣ್ಣದು ನೋಡದೆ ಇಡೀ ಗಿಡವನ್ನು ಒಂದೇ ದಿನ ಬೋಳು ಮಾಡುತ್ತಿದ್ದರು. ಎರಡು ವರ್ಷ ನಾನು ಬಾಯಿ ಮುಚ್ಚಿಕೊಂಡು ನೋಡಿದೆ.

ಮೂರನೆಯ ವರ್ಷ ಆ ಸೋಮವಾರ ಬೆಳಿಗ್ಗೆ ಹಿತ್ತಲಿಗೆ ಹೋಗಿ ಕೈಗೆಟುಕಿದ ಕಾಯಿಗಳನ್ನೆಲ್ಲ ಗೀರಿ ನೋಡಿದೆ. ಒಂದೂ ಹಳದಿ ಇರಲಿಲ್ಲ. ಅಷ್ಟರಲ್ಲಿ ಭಾವ ಏಣಿ ಹೊತ್ತು ಬಂದರು. ಅಲ್ಲಿಯತನಕ ನಾನು ಅವರೆದುರು ನಿಂತು ಮಾತಾಡಿದವಳಲ್ಲ. ಏನೇ ಇದ್ದರೂ ಬಾಗಿಲ ಹಿಂದೆ ನಿಂತು ಅತ್ತೆಗೆ ಹೇಳುವುದು, ಅತ್ತೆ ಅವರಿಗೆ ಹೇಳುವುದು, ಇದೇ ರೂಢಿ. ಅಂದು ಗಿಡದ ಬುಡ ಬಿಟ್ಟು ಕದಲಲಿಲ್ಲ.

"ಇವತ್ತ ಹರೀಬ್ಯಾಡ್ರಿ. ಇನ್ನೂ ಹಸರ ಅದಾವು."

ಭಾವ ನನ್ನತ್ತ ನೋಡದೆ, ಅಲ್ಲೇ ಕೂತು ಜೋಳ ಹಸನು ಮಾಡುತ್ತಿದ್ದ ಅತ್ತೆಯ ಕಡೆ ತಿರುಗಿದರು. "ಏನಂತಾಳವ್ವಾ ಈಕಿ? ಇದೇನ ಇವರಪ್ಪನ ತ್ವಾಟ ಅಂತ ತಿಳದಾಳೇನು?"

"ನಮ್ಮಪ್ಪಗ ತ್ವಾಟ ಇಲ್ರಿ. ಮಂದಿ ತ್ವಾಟ ಕಾಯ್ತಾನ. ಆದ್ರ ಕಾಯಿ ಯಾವಾಗ ಬಲೀತೈತಿ ಅನ್ನೂದು ಅವಗ ಗೊತ್ತೈತ್ರಿ. ನನಗೂ ಗೊತ್ತೈತಿ."

"ಸರಿ ಅತ್ಲಾಗ," ಎಂದು ಭಾವ ಏಣಿಯನ್ನು ಮುಂದಕ್ಕೆ ಚಾಚಿದರು.

"ಸರಿಯಂಗಿಲ್ರಿ."

ಒಳಗೆ ನನ್ನ ಗಂಡನ ಮಗ್ಗದ ಸದ್ದು ನಿಂತಿತು. ಅವನು ಮಾತ್ರ ಎದ್ದು ಬರಲಿಲ್ಲ. ಅದನ್ನು ನೆನೆದರೆ ನನಗೆ ಇವತ್ತಿಗೂ ಸಿಟ್ಟು ಬರುತ್ತದೆ.

ಅತ್ತೆ ಮೊರ ಕೆಳಗಿಟ್ಟರು. "ಗ್ವಾಡಿ ಕಡಿ ಕೊಂಬಿ ಆಕಿ ಪಾಲಿಗೆ ಬಿಡು. ಉಳಿದದ್ದ ನೀ ಹರಕೋ. ಇಷ್ಟ ವರ್ಷ ಕಲ್ಲ ತಿಂದೇವಿ, ಇದೊಂದ ವರ್ಷ ನೋಡೂಣು."

ಭಾವ ಗೋಡೆ ಕಡೆಯ ಕೊಂಬೆ ಬಿಟ್ಟು ಉಳಿದ ಮೂರೂ ಕಡೆ ಬೋಳಿಸಿದರು. ಏಣಿಯನ್ನು ಒಯ್ದು ತಮ್ಮ ಕೋಣೆಯಲ್ಲಿಟ್ಟು ಕೀಲಿ ಹಾಕಿಕೊಂಡರು.

ಆಮೇಲೆ ಮೂರು ವಾರ ಮನೆಯಲ್ಲಿ ನನ್ನ ಹೆಸರು 'ತ್ವಾಟಗಿತ್ತಿ'. ಭಾವನ ಹೆಂಡತಿ, ನನ್ನ ನೆಗೆಣ್ಣಿ, ಇಟ್ಟ ಹೆಸರು. ನಾನು ದಿನಾ ಬೆಳಿಗ್ಗೆ ಹೋಗಿ ಗೀರಿ ನೋಡುತ್ತಿದ್ದೆ. ಹಸಿರು. ಮತ್ತೆ ಹಸಿರು. ನನಗೇ ಅಳುಕು ಶುರುವಾಯಿತು, ಆದರೆ ಮುಖದಲ್ಲಿ ತೋರಿಸಲಿಲ್ಲ. ಒಂದು ದಿನ ನೆಗೆಣ್ಣಿ ನೆಲದಿಂದ ಚಿಕ್ಕು ಸಿಪ್ಪೆಯೊಂದನ್ನು ಎತ್ತಿ ಹಿಡಿದಳು.

"ಬಾವಲಿ ತಿಂದಾವ ನೋಡ. ನಿನ್ನ ಪಾಲು ಹೊಂಟಿತು."

ನಾನು ಅದನ್ನು ಕಸಿದುಕೊಂಡು ನೋಡಿದೆ. ಸಿಪ್ಪೆಗೆ ಅಂಟಿದ್ದ ತಿರುಳು ಕೆಂಪಗೆ, ಸಕ್ಕರೆಯಂತೆ ಹರಳುಹರಳಾಗಿತ್ತು. ಅಂದರೆ ನನ್ನ ಕೈಗೆಟುಕದ ಮೇಲಿನ ಕಾಯಿಗಳು ಬಲಿತಿದ್ದವು. ನಾನು ಕೆಳಗಿನವನ್ನೇ ಗೀರುತ್ತಾ ಕಾದಿದ್ದೆ.

ಓಡಿಹೋಗಿ ಗಂಡನಿಗೆ ಹೇಳಿದೆ. "ಗಿಡ ಏರಿ ಹರಕೊಡ್ರಿ."

ಅವನು ನೂಲು ತೀಡುತ್ತಾ, "ಅಣ್ಣ ಏನಂತಾನೋ," ಅಂದ.

ನಾನು ಎರಡನೇ ಸಲ ಕೇಳಲಿಲ್ಲ. ಸೀರೆ ಎತ್ತಿ ಕಚ್ಚೆ ಹಾಕಿ ಬಿಗಿದೆ, ಸೆರಗು ಸೊಂಟಕ್ಕೆ ಸಿಕ್ಕಿಸಿದೆ, ಗಿಡ ಏರಿದೆ. ಚೊಳಚಗುಡ್ಡದಲ್ಲಿ ಎಷ್ಟು ಸಲ ಏರಿದ್ದೆನೋ; ಕಾಲು ಮರೆತಿರಲಿಲ್ಲ. ಗೋಡೆಯಾಚೆಯಿಂದ ಪಕ್ಕದ ಮನೆಯಾಕೆ ಕೂಗಿದಳು, "ಅಯ್ಯ ಶಿವನ, ಸೊಸಿ ಗಿಡ ಏರ್ಯಾಳ ನೋಡ್ರೇ!"

"ಹೌದ್ರಿ, ಏರೇನಿ! ಖಾಲಿ ಇದ್ರ ಬುಟ್ಟಿ ಹಿಡಿಯಾಕ ಬರ್ರಿ!" ಎಂದು ಮೇಲಿನಿಂದಲೇ ಕೂಗಿದೆ.

ಆಕೆ ಬರಲಿಲ್ಲ. ಸ್ವಲ್ಪ ಹೊತ್ತಿಗೆ ಕೆಳಗೆ ನೋಡಿದರೆ ನನ್ನ ಗಂಡ ಬುಟ್ಟಿ ಹಿಡಿದು ನಿಂತಿದ್ದ. ಅವತ್ತು ಅವನನ್ನು ಅರ್ಧ ಕ್ಷಮಿಸಿದೆ. ಮೇಲಿನ ಒಂದೊಂದೇ ಕಾಯಿ ಗೀರಿ, ಹಳದಿ ಇದ್ದವನ್ನು ಮಾತ್ರ ತೊಟ್ಟು ತಿರುವಿ ಕೊಟ್ಟೆ. ಹಸಿರು ಇದ್ದವನ್ನು ಮುಟ್ಟಲಿಲ್ಲ.

ಹುಲ್ಲಿನಲ್ಲಿಟ್ಟ ಐದನೇ ದಿನಕ್ಕೆ ಮನೆಯೆಲ್ಲ ಘಮ್ಮೆಂದಿತು. ಭಾವ ಕಿತ್ತವು ಎಂದಿನಂತೆ ಜೋಳದ ಚೀಲದಲ್ಲಿ ಸುಕ್ಕುಗಟ್ಟಿ ಬಿದ್ದಿದ್ದವು. ಅತ್ತೆಗೆ ಮೊದಲು ಕೊಟ್ಟೆ. ಅವರು ಬೀಜ ಉಗುಳಿ ಮತ್ತೊಂದಕ್ಕೆ ಕೈಚಾಚಿದರು. ಊಟಕ್ಕೆ ಕೂತಾಗ ಭಾವನ ತಟ್ಟೆಗೂ ಒಂದು ಇಟ್ಟೆ. ತಿಂದರು. ತಿಂದು, ಗೋಡೆ ನೋಡುತ್ತಾ ಅಂದರು, "ಈ ವರ್ಷ ಮಳಿ ಛಲೋ ಆಗಿತ್ತು. ಅದಕ್ಕ."

ಅತ್ತೆ ನನ್ನತ್ತ ನೋಡಿ ಬೇಡವೆಂಬಂತೆ ಕಣ್ಣು ಮಾಡಿದರು. ನಾನು ಸುಮ್ಮನಿರಲಿಲ್ಲ.

"ಮಳಿ ನಿಮ್ಮ ಪಾಲಿಗೂ ಆಗಿತ್ತಲ್ರಿ."

ಭಾವ ಸಿಟ್ಟಿನಲ್ಲಿ ಎದ್ದು ಹೋಗುತ್ತಾರೆಂದುಕೊಂಡಿದ್ದೆ. ಅವರು ಇನ್ನೊಂದು ಚಿಕ್ಕು ತೆಗೆದುಕೊಂಡರು.

ನನ್ನದೇ ಸರಿ ಎಂದು ಆ ಮನೆಯಲ್ಲಿ ಯಾರೂ ಯಾವತ್ತೂ ಬಾಯಿಬಿಟ್ಟು ಹೇಳಲಿಲ್ಲ. ಮುಂದಿನ ವರ್ಷ ಭಾವ ಕಾಯಿ ಕೀಳಲು ಹೋಗಲಿಲ್ಲ, ಅಷ್ಟೇ. ಎಂಬತ್ತರ ದಶಕದ ಉದ್ದಕ್ಕೂ ನಾನೇ ಗಿಡ ಏರಿದೆ. ಏರಬೇಡ ಎಂದು ಯಾರಾದರೂ ಅಂದಿದ್ದರೂ ಕೇಳುತ್ತಿರಲಿಲ್ಲ.