ಅವ್ವನ ಹೆಸರಿನ ಅರ್ಥ

ನಮ್ಮ ಮನೆತನದಲ್ಲಿ ಡಿಗ್ರಿ ಮುಗಿಸಿದವಳು ನಾನೇ ಮೊದಲು. ಸಂಕೋಚವಿಲ್ಲದೆ ಹೇಳುತ್ತೇನೆ, ಅದು ಪುಕ್ಕಟೆ ಸಿಕ್ಕದ್ದಲ್ಲ. ಹಾಗಾಗಿ ಬಸವಕಲ್ಯಾಣದ ನಮ್ಮ ಓಣಿಯಲ್ಲಿ ಯಾರ ಮನೆಯಲ್ಲಿ ಕೂಸು ಹುಟ್ಟಿದರೂ ಫೋನಿನಲ್ಲಿ ಸಿಕ್ಕ ಹೆಸರು ನನ್ನ ಹತ್ತಿರ ಬರುತ್ತದೆ. "ಅರ್ಥ ಖರೇ ಅದನೋ ಇಲ್ಲೋ ನೋಡಿ ಹೇಳವಾ." ನಿಘಂಟು ತೆಗೆದು ನೋಡುತ್ತೇನೆ. ಫೋನು ಬೆಳದಿಂಗಳು ಎಂದದ್ದು ನಿಘಂಟಿನಲ್ಲಿ ಬೂದಿ ಆಗಿದ್ದೂ ಉಂಟು.

ಅವ್ವ ತೀರಿಕೊಂಡ ವರ್ಷವೇ ಹುಮನಾಬಾದಿನಲ್ಲಿ ತಮ್ಮನಿಗೆ ಹೆಣ್ಣುಮಗು ಹುಟ್ಟಿತು. ಅವ್ವನ ಹೆಸರೇ ಇಡಬೇಕೆಂದು ನನ್ನ ಆಸೆ. ತಮ್ಮನ ಹೆಂಡತಿ ಬೇಡ ಅನ್ನಲಿಲ್ಲ.

"ಇಡೋಣ್ರಿ ಅಕ್ಕಾ. ಆದ್ರ ಫೋನಿನಾಗ ಎಲ್ಲಾ ಹುಡುಕಿದೆ, ಅತ್ತಿ ಹೆಸರಿಗಿ ಅರ್ಥಾನೇ ಇಲ್ಲ. ನಾಳಿ ಸಾಲ್ಯಾಗ ಯಾರರ ಕೇಳಿದ್ರ ಕೂಸು ಏನ್ ಹೇಳ್ಬೇಕ್ರಿ?"

ನನ್ನ ನಿಘಂಟಿನಲ್ಲೂ ಇರಲಿಲ್ಲ. ಅವ್ವನ ಅಕ್ಕ ಹುಲಸೂರಿನಲ್ಲಿದ್ದಾಳೆ. ಬಸ್ಸು ಹತ್ತಿದೆ.

ದೊಡ್ಡವ್ವ ತೊಗರಿ ಹಸನು ಮಾಡುತ್ತ ಕೂತಿದ್ದಳು. "ಇಷ್ಟು ಓದಿ, ಅವ್ವನ ಹೆಸರಿನ ಅರ್ಥ ನನ್ನ ಕೇಳಾಕತ್ತಿ ಏನ?" ಎಂದು ನಕ್ಕಳು. ಆಮೇಲೆ ಮೊರ ಕೆಳಗಿಟ್ಟಳು.

"ನಿಮ್ಮವ್ವ ಹುಟ್ಟಿದಾಗ ನಮ್ಮವ್ವಗ ಹಾಲು ಬರ್ಲಿಲ್ಲ. ಮಗ್ಗಲ ಮನಿಯಾಕಿ ಕೂಲಿ ಮಾಡ್ತಿದ್ಳು, ಆಕಿ ಕೂಸು ಆ ವಾರಾನೇ ಸತ್ತಿತ್ತು. ಆಕೀನೇ ಹಾಲು ಕೊಟ್ಳು. ಕುಡಸ್ತಾ ಕುಡಸ್ತಾ ತನ್ನ ಕೂಸಿನ ಹೆಸರಿಲೇ ಕರದ್ಳು. ಬ್ಯಾಡ ಅಂತ ಹ್ಯಾಂಗ ಅನ್ನೋದು? ಅದೇ ಹೆಸರು ನಿಂತ್ಬಿಡ್ತು."

ಮುಚ್ಚಿಡಬಹುದಿತ್ತು. ಆದರೆ ಓಣಿಯವರಿಗೆಲ್ಲ ಖರೇ ಅರ್ಥ ಹೇಳಿದವಳಿಗೆ ನಮ್ಮ ಮನೆಯಲ್ಲೇ ಸುಳ್ಳು ಹೇಳಲು ನಾಲಿಗೆ ಏಳಲಿಲ್ಲ. ಹುಮನಾಬಾದಿಗೆ ಹೋಗಿ ಇದ್ದದ್ದು ಹೇಳಿದೆ. ತಮ್ಮನ ಹೆಂಡತಿ ಕೂಸನ್ನು ಎದೆಗೆ ಒತ್ತಿಕೊಂಡಳು.

"ಸತ್ತ ಕೂಸಿನ ಹೆಸರ್ರಿ ಅದು. ಬ್ಯಾಡ್ರಿ ಅಕ್ಕಾ, ಕಾಲಿಗಿ ಬೀಳ್ತೀನಿ."

"ಆ ಹೆಸರಿಲೇ ಅವ್ವ ಮುಪ್ಪಾಗೋತನ ಬಾಳಿದ್ಳಲ್ಲವಾ," ಅಂದೆ.

ಅವಳು ಕೂಸಿನ ಮುಖವನ್ನೇ ನೋಡುತ್ತಿದ್ದಳು. ಬಾಣಂತಿಯ ಅಂಜಿಕೆ ಓದಿನಿಂದ ಹೋಗುವಂಥದ್ದಲ್ಲ. "ಆತವಾ, ನಿನಗ ಬೇಕಾದ ಹೆಸರು ಆರಿಸು," ಅಂದೆ.

ತೊಟ್ಟಿಲಿಗೆ ಹಾಕುವ ದಿನ ಕೂಸಿನ ಕಿವಿಯಲ್ಲಿ ಹೆಸರು ಹೇಳುವುದು ಸೋದರತ್ತೆಯ ಕೆಲಸ. ತಮ್ಮನ ಹೆಂಡತಿ ಆರಿಸಿದ ಹೆಸರನ್ನೇ ಹೇಳಿದೆ. ಅದರ ಅರ್ಥ ನಾನೇ ನೋಡಿದ್ದೆ, ಸರಿಯಾಗಿತ್ತು. ಹೆಸರು ಹೇಳಿದ ಅತ್ತೆಯ ಬೆನ್ನಿಗೆ ಹೆಂಗಸರು ಗುದ್ದುವುದು ನಮ್ಮ ಕಡೆಯ ಪದ್ಧತಿ. ನಗುನಗುತ್ತ ಗುದ್ದಿದರು. ತೊಟ್ಟಿಲ ಮೇಲೆ ಬಗ್ಗಿದ್ದ ನಾನು ತುಂಬಿದ ಕಣ್ಣು ಕಾಣಬಾರದೆಂದು ತಲೆ ಎತ್ತಲಿಲ್ಲ.

"ಯವ್ವಾ, ಜೋರ್ ಬಿತ್ತೇನ?" ಅಂದರು.

"ಹೌದ್ರಿ," ಅಂದೆ.