ಪಡಸಾಲೆಯಲ್ಲಿ ತೋಡಿದ ಗುಂಡಿ

ನಮ್ಮ ಸೀಮೆ ಇನ್ನೂ ಮದರಾಸು ಪ್ರಾಂತ್ಯಕ್ಕೆ ಸೇರಿದ್ದ ಕಾಲ. ರಾಯದುರ್ಗದ ನಮ್ಮ ಬೀದಿಗೆ ಸಾಹುಕಾರರ ಬೀದಿ ಎಂಬ ಹೆಸರಿತ್ತು. ಸಾಹುಕಾರಿಕೆ ಮಾತ್ರ ಹತ್ತಿ ವ್ಯಾಪಾರದ ಜೊತೆಗೇ ಹೊರಟುಹೋಗಿತ್ತು. ಒಂದೊಂದೇ ಮನೆ ಬಾಡಿಗೆಗೆ ಬೀಳುತ್ತಿತ್ತು. ನಮಗೆ ಉಳಿದಿದ್ದು ಒಂದು ವದಂತಿ: ನಮ್ಮ ಪಡಸಾಲೆಯ ಕೆಳಗೆ ಮುತ್ತಾತ ಹೂತಿಟ್ಟ ಬಂಗಾರದ ಕೊಪ್ಪರಿಗೆ ಇದೆ ಎಂಬುದು. ಬಳ್ಳಾರಿಯ ದೊಡ್ಡ ಮನೆಯವರು ನನ್ನ ಸೋದರತ್ತೆ ಗಂಗಮ್ಮನನ್ನು ಹೆಣ್ಣು ಕೇಳಿಕೊಂಡು ಬಂದದ್ದೂ ಅದರ ಆಸೆಗೇ. ನಾನೂ ಅದನ್ನು ಹೇಳಿಕೊಂಡು ಮೆರೆಯುತ್ತಿದ್ದೆ. ಗೆಳತಿಯರ ಕುಂಟಾಬಿಲ್ಲೆ ಆಟದಲ್ಲಿ ಮೊದಲ ಸರದಿ ಯಾವಾಗಲೂ ನನ್ನದೇ.

ಆ ಬೇಸಿಗೆ ಪಡಸಾಲೆಯನ್ನು ನೇಕಾರ ತಿಪ್ಪಣ್ಣನಿಗೆ ಬಾಡಿಗೆ ಕೊಟ್ಟೆವು. ಕಾಲು ಇಳಿಬಿಟ್ಟು ಮಗ್ಗ ತುಳಿಯಲು ನೆಲದಲ್ಲಿ ಗುಂಡಿ ಬೇಕು. ಅವನು ಚಪ್ಪಡಿ ಎಬ್ಬಿಸಿದ್ದೇ ತಡ, ಬೀದಿಗೆ ಬೀದಿಯೇ ನಮ್ಮ ಬಾಗಿಲಿಗೆ ಬಂತು. ಹಸಿಮಣ್ಣಿನ ವಾಸನೆ, ಒಳಗೆ ಹುರಿಯುತ್ತಿದ್ದ ಶೇಂಗಾದ ವಾಸನೆ, ನೆರೆದವರ ಬೆವರು. ಮೊಳಕಾಲು ಮುಳುಗುವಷ್ಟು ತೋಡಿದರೂ ಬರೀ ಕೆಂಪುಮಣ್ಣು.

"ಮೊದಲನೇ ಬುಟ್ಟಿ ಮಣ್ಣಿನ ಜೋಡಿನ ಬಂಗಾರ ಸಾಗ್ಸಿರ್ತಾನ ಬಿಡ್ರಿ," ಎಂದಳು ಎದುರುಮನೆಯ ಚೆನ್ನಮ್ಮ.

ತಿಪ್ಪಣ್ಣ ಹಾರೆ ಕೆಳಗಿಟ್ಟು ನಮ್ಮ ಅಜ್ಜಿಯ ಕಡೆ ತಿರುಗಿದ. "ನನಗ ಈ ಮನಿ ಬ್ಯಾಡ್ರಿ ಅಮ್ಮಾರ. ಕಳ್ಳ ಅನ್ನಿಸ್ಕೊಂಡು ಈ ಊರಾಗ ಹೆಂಗ ಬಾಳ್ವಿ ಮಾಡ್ಲಿ?"

ಅಜ್ಜಿ ಎದ್ದು ಬಂದು ಗುಂಡಿಯ ಅಂಚಿನಲ್ಲಿ ಕುಳಿತು ಕಾಲು ಇಳಿಬಿಟ್ಟಳು. "ಅವ್ವಾ, ಸುಮ್ಕಿರು. ಗಂಗಿ ಮದುವಿ ಮಾತು ನಡದೈತಿ," ಎಂದ ಅಪ್ಪ ಮೆಲ್ಲಗೆ. ಅಜ್ಜಿ ಎಲ್ಲರಿಗೂ ಕೇಳುವಂತೆಯೇ ಹೇಳಿದಳು:

"ಅವನ್ನ ಯಾಕ ಅಂತೀರಿ? ನಮ್ಮ ಯಜಮಾನ್ರು ತೀರಿಕೊಂಡ ವರ್ಷ ಈ ಮನಿ ಮೂಲಿ ಮೂಲಿ ನಾನ ಅಗದೀನಿ. ಇಲ್ಲೂ ಅಗದೀನಿ. ಏನೂ ಇಲ್ರಿ. ಇದ್ದಿದ್ರ ಪಡಸಾಲಿ ಯಾಕ ಬಾಡಿಗಿ ಕೊಡ್ತಿದ್ದೆ?"

ನಾಚಿಕೆಯಿಂದ ನನಗೆ ಭೂಮಿ ಬಾಯಿಬಿಡಬಾರದೇ ಎನಿಸಿತು. ಜನ ಒಬ್ಬೊಬ್ಬರಾಗಿ ಜಾರಿಕೊಂಡರು. ಬಳ್ಳಾರಿಯವರು ಮತ್ತೆ ಬರಲಿಲ್ಲ. ಕುಂಟಾಬಿಲ್ಲೆಯಲ್ಲಿ ನನ್ನ ಸರದಿ ಕೊನೆಗೆ ಹೋಯಿತು. ಅಜ್ಜಿಯ ಮೇಲೆ ಎಷ್ಟು ದಿನ ಸಿಟ್ಟು ನನಗೆ! ತಿಪ್ಪಣ್ಣನ ಮಗ್ಗ ಮಾತ್ರ ನಿಲ್ಲಲಿಲ್ಲ. ಎರಡು ವರ್ಷದ ಮೇಲೆ ಗಂಗತ್ತೆ ಬೆಳುಗುಪ್ಪದ ಮೇಷ್ಟ್ರನ್ನು ಮದುವೆಯಾದಾಗ ಉಟ್ಟಿದ್ದು ಅವನು ಅಲ್ಲೇ ನೇಯ್ದ ಸೀರೆ.

ಈಗ ಅಲ್ಲಿ ಬಟ್ಟೆ ಅಂಗಡಿ. ಗುಂಡಿಗೆ ಸಿಮೆಂಟು ಬಡಿದಿದ್ದಾರೆ. ಮೊನ್ನೆ ಹೋಗಿದ್ದಾಗ, ನಾನು ಆ ಮನೆಯ ಮೊಮ್ಮಗಳೆಂದು ತಿಳಿದ ಅಂಗಡಿಯವನು, "ಇಲ್ಲಿ ಕೆಳಗ ಕೊಪ್ಪರಿಗಿ ಐತಂತಲ್ರಿ, ಖರೇನಾ?" ಎಂದು ಕೇಳಿದ. ಇಲ್ಲವೆನ್ನಲು ಬಾಯಿ ತೆರೆದೆ. ಆಗಲಿಲ್ಲ. ನಕ್ಕುಬಿಟ್ಟೆ. ಅಜ್ಜಿಯ ಎದೆಗಾರಿಕೆ ಆಮೇಲೆ ನಮ್ಮ ಮನೆಯಲ್ಲಿ ಯಾರಿಗೂ ಬರಲಿಲ್ಲ.