ಅತ್ತೆ ಓದಿ ಹೇಳಿದ ಇಪ್ಪತ್ತೈದು ಅಕ್ಷರ

ಮದುವೆಯಾಗಿ ಕೊಯಮತ್ತೂರಿಗೆ ಬಂದು ನಾಲ್ಕು ವರ್ಷವಾಗಿದ್ದರೂ ಅತ್ತೆಯ ಜೊತೆ ನಾನು ನೆಟ್ಟಗೆ ಮಾತಾಡಿದ್ದೇ ಇರಲಿಲ್ಲ. ಜಗಳವೇನೂ ಇರಲಿಲ್ಲ. ಅವರದು ತಲೆಮಾರುಗಳಿಂದ ಇಲ್ಲೇ ನೆಲೆಸಿದ ಕನ್ನಡ ಕುಟುಂಬ. ಅಳಿಯನ ಎದುರು ನಿಂತು ಮಾತಾಡಲು ಅವರಿಗೆ ಸಂಕೋಚ. ನಾನು ದಾವಣಗೆರೆ ಕಡೆಯವನು. ತಮಿಳು ಬೆರೆತ ಅವರ ಕನ್ನಡ ನನಗೆ ಅರ್ಧ ಮಾತ್ರ ತಿಳಿಯುತ್ತಿತ್ತು. ನನ್ನದು ಅವರಿಗೆ ರೇಡಿಯೋ ವಾರ್ತೆ ಕೇಳಿದ ಹಾಗಿರುತ್ತಿತ್ತಂತೆ. ಆರ್.ಎಸ್. ಪುರಂನಲ್ಲಿ ಒಂದೇ ಮನೆಯಲ್ಲಿದ್ದೂ "ಊಟ ಆಯ್ತುಂಗಳಾ?", "ಆಯ್ತು ಅತ್ತೆ" ಎಂಬಲ್ಲಿಗೆ ನಮ್ಮ ಮಾತು ಮುಗಿಯುತ್ತಿತ್ತು.

ಅವಿನಾಶಿ ಹತ್ತಿರದ ಒಂದು ಬನಿಯನ್ ಕಂಪನಿಯಲ್ಲಿ ಕಂಪ್ಯೂಟರ್‌ಗಳನ್ನು ನೋಡಿಕೊಳ್ಳುವುದು ನನ್ನ ಕೆಲಸ. ಎರಡು ತಿಂಗಳ ಹಿಂದಷ್ಟೇ ಹಳೆಯ ಒಂಬತ್ತು ಯಂತ್ರಗಳನ್ನು ತೆಗೆದು ಒಂದೇ ದೊಡ್ಡ ಸರ್ವರ್ ತರಿಸಿದ್ದೆವು. ಅದರಲ್ಲಿ ಹಾಕಿದ್ದ ತಂತ್ರಾಂಶ ಆ ಒಂದನ್ನೇ ಒಂಬತ್ತು ಯಂತ್ರಗಳಂತೆ ನಡೆಸುತ್ತದೆ. ಒಂದರಲ್ಲಿ ಮೇಲ್, ಇನ್ನೊಂದರಲ್ಲಿ ಲೇಬಲ್ ಮುದ್ರಣ, ಮತ್ತೊಂದರಲ್ಲಿ ಬಣ್ಣ ಹಾಕುವ ಅಳತೆಗಳು, ಹೀಗೆ. ಮೊದಲ ಅರವತ್ತು ದಿನ ಅದನ್ನು ಹಾಗೇ ಬಳಸಬಹುದು. ಆಮೇಲೆ ಇಪ್ಪತ್ತೈದು ಅಕ್ಷರಗಳ ಲೈಸೆನ್ಸ್ ಕೀ ಕೊಡಬೇಕು. ಕೀ ಮೇಲ್‌ನಲ್ಲಿ ಬಂದಿತ್ತು. ಹಾಕಲು ನಾನು ಮರೆತಿದ್ದೆ.

ಒಂದು ಬೆಳಿಗ್ಗೆ ಸರ್ವರಿಗೆ ಮೆಮೊರಿ ಸೇರಿಸಲೆಂದು ಒಂಬತ್ತನ್ನೂ ನಿಲ್ಲಿಸಿದೆ. ಮತ್ತೆ ಶುರು ಮಾಡಹೋದರೆ ಒಂದೂ ಏಳಲಿಲ್ಲ. ಲೈಸೆನ್ಸ್ ಅವಧಿ ಮುಗಿದಿದೆ ಎಂದು ಕಪ್ಪು ಪರದೆಯ ಮೇಲೆ ಬಿಳಿ ಸಾಲು ಬಂತು. ಕೀ ಇದ್ದದ್ದು ಮೇಲ್‌ನಲ್ಲಿ, ಮೇಲ್ ಇದ್ದದ್ದು ಏಳದ ಯಂತ್ರದಲ್ಲಿ! ಹೊರಗೆ ಪ್ಯಾಕಿಂಗ್ ವಿಭಾಗದಲ್ಲಿ ಲೇಬಲ್ ಬರದೆ ಜನ ಕೈಕಟ್ಟಿ ಕೂತಿದ್ದರು.

ಕೀಯನ್ನು ಒಂದು ಹಾಳೆಯಲ್ಲಿ ಮುದ್ರಿಸಿ ಮನೆಯ ನೀಲಿ ಫೈಲಿನಲ್ಲಿಟ್ಟದ್ದು ಆಗ ನೆನಪಾಯಿತು. ಹೆಂಡತಿ ಶಾಲೆಯಲ್ಲಿ ಪಾಠ ಮಾಡುತ್ತಿದ್ದಳು, ಫೋನ್ ಆಫ್. ಮನೆಯಲ್ಲಿದ್ದವರು ಅತ್ತೆ ಒಬ್ಬರೇ. ಅವರದು ಬಟನ್ ಫೋನ್, ಫೋಟೋ ಕಳಿಸಿ ಎನ್ನುವ ಹಾಗಿರಲಿಲ್ಲ. ಅವರಿಗೇ ಫೋನ್ ಮಾಡಿ ವಿಷಯ ಹೇಳಿದೆ.

"ಸರಿ ಮಾಪ್ಳೆ, ಇರುಂಗ. ಕಣ್ಣಾಡಿ ತಕ್ಕೊಂಡು ಬತ್ತೀನಿ."

ಕನ್ನಡಿಯಲ್ಲಿ ನೋಡಿ ಓದಿದರೆ ಎಲ್ಲವೂ ತಿರುಗುಮುರುಗಾಗುತ್ತದಲ್ಲ! "ಅತ್ತೆ, ಕನ್ನಡಿ ಬೇಡ, ನೇರವಾಗಿ ನೋಡಿ," ಎಂದೆ.

ಆ ಕಡೆಯಿಂದ ನಗು. ಅತ್ತೆ ಅಷ್ಟು ಜೋರಾಗಿ ನಕ್ಕದ್ದನ್ನು ನಾನು ಮೊದಲ ಸಲ ಕೇಳಿದ್ದು. "ಅಯ್ಯೋ, ಮೂಗಿನ ಮ್ಯಾಲೆ ಹಾಕ್ಕೊಳ್ಳೋ ಕಣ್ಣಾಡಿ ಮಾಪ್ಳೆ! ಅದಿಲ್ದೆ ಒಂದು ಎಳುತ್ತೂ ಕಾಣ್ಸಲ್ಲ."

ಮಾಪ್ಳೆ ಅಂದರೆ ಅಳಿಯ ಎಂಬುದಷ್ಟೇ ನನಗೆ ಗೊತ್ತಿತ್ತು; ಕಣ್ಣಾಡಿ ಅಂದರೆ ಕನ್ನಡಕ, ಎಳುತ್ತು ಅಂದರೆ ಅಕ್ಷರ. ನನಗೂ ನಗು ತಡೆಯಲಾಗಲಿಲ್ಲ.

ಅತ್ತೆ ಓದತೊಡಗಿದರು. ಅವರು ಶಾಲೆಯಲ್ಲಿ ಓದಿದ್ದು ತಮಿಳಿನಲ್ಲಿ, ಅದೂ ಎಂಟನೇ ಕ್ಲಾಸು. ಇಂಗ್ಲಿಷ್ ಅಕ್ಷರಗಳಲ್ಲಿ ತಡವರಿಸುತ್ತಾರೆ ಅಂದುಕೊಂಡಿದ್ದೆ. ಆದರೆ ಐದೈದಾಗಿ ನಿಲ್ಲಿಸಿ, ಗಟ್ಟಿಯಾಗಿ ಹೇಳಿದರು. ಗೊತ್ತಿಲ್ಲದ್ದಕ್ಕೆ ಆಕಾರ ಹೇಳಿದರು: "ಇದು ಕೊಡೆ ಹಿಡಿ ಥರ ಬಗ್ಗೈತೆ." ಜೆ ಎಂದು ಬರೆದುಕೊಂಡೆ. "ಇದು ಏಣಿ, ನಡುವೆ ಒಂದೇ ಮೆಟ್ಲು." ಎಚ್.

ಲೈಸೆನ್ಸ್ ಹಾಕುವ ಆದೇಶ ಟೈಪ್ ಮಾಡಿ, ಪಕ್ಕದಲ್ಲಿ ಇಪ್ಪತ್ತೈದನ್ನೂ ಸೇರಿಸಿ ಎಂಟರ್ ಒತ್ತಿದೆ. ಕೀ ಸರಿಯಿಲ್ಲ ಎಂದು ಉತ್ತರ ಬಂತು.

"ತಪ್ಪಾಗಿದೆ ಅತ್ತೆ," ಎಂದೆ.

"ನಾನು ತಪ್ಪು ಓದಿಲ್ಲ. ನೀವು ಅಡ್ಚಿದ್ದ ಓದುಂಗ, ಕೇಳ್ತೀನಿ." ದನಿಯಲ್ಲಿ ಸಂಕೋಚದ ಸುಳಿವೇ ಇಲ್ಲ. ನಾನು ಟೈಪ್ ಮಾಡಿದ್ದನ್ನು ಒಂದೊಂದಾಗಿ ಓದಿದೆ. ಮೂರನೆಯ ಗುಂಪಿನ ನಡುವೆ ತಡೆದರು.

"ನಿಲ್ಲುಂಗ! ಎನ್ ಅಂತ ಯಾರು ಹೇಳಿದ್ದು? ಎಮ್. ಮೀಡಿಯಂ ಎಮ್ಮು!"

ತಿದ್ದಿ ಎಂಟರ್ ಒತ್ತಿದೆ. ಪರದೆ ಒಪ್ಪಿಕೊಂಡಿತು. ಇರುವ ಲೈಸೆನ್ಸ್‌ಗಳನ್ನು ತೋರಿಸುವ ಆದೇಶ ಕೊಟ್ಟು ನೋಡಿದೆ. ಹೊಸ ಕೀ ಅಲ್ಲಿ ಕೂತಿತ್ತು. ಒಂದೊಂದೇ ಯಂತ್ರ ಎದ್ದಿತು. ಸ್ವಲ್ಪ ಹೊತ್ತಿಗೆ ಪ್ಯಾಕಿಂಗ್ ಕಡೆಯಿಂದ ಲೇಬಲ್ ಮುದ್ರಿಸುವ ಕಿರ್‌ಕಿರ್ ಸದ್ದು ಕೇಳಿತು. "ಬಂತು ಅತ್ತೆ, ಎಲ್ಲಾ ಬಂತು!" ಎಂದು ಕೂಗಿದೆ. ಪಕ್ಕದ ಕೋಣೆಯವರು ಬಗ್ಗಿ ನೋಡಿದರು.

"ಮೀಡಿಯಂ ಅಂತ ಹೇಗೆ ಹೊಳೀತು ಅತ್ತೆ?"

"ತಿರುಪ್ಪೂರು ಬನಿಯನ್ ಕಂಪನೀಲಿ ಹನ್ನೊಂದು ವರ್ಷ ಚೆಕಿಂಗ್ ಮಾಡಿದೀನಿ ಮಾಪ್ಳೆ. ಸೈಜ್ ಲೇಬಲ್ ತಪ್ಪಿದ್ರೆ ಕೈ ಮುಟ್ಟಿದ್ ತಕ್ಷಣ ಗೊತ್ತಾಗೋದು. ನಿಮ್ಗೆ ಇವ್ಳು ಹೇಳಿಲ್ಲವಾ?"

ಹೆಂಡತಿ ಹೇಳಿದ್ದಳೋ ಏನೋ. ಅದೇ ಕಸುಬಿನ ಕಂಪನಿಯಲ್ಲಿ ದುಡಿಯುತ್ತಿದ್ದ ನಾನು ಒಮ್ಮೆಯೂ ಕೇಳಿರಲಿಲ್ಲ. ನಾಚಿಕೆಯಾಯಿತು. ಆದರೆ ಆ ಹೊತ್ತಿನ ಖುಷಿಯಲ್ಲಿ ಅದು ಬಹಳ ಹೊತ್ತು ನಿಲ್ಲಲಿಲ್ಲ.

ಸಂಜೆ ಮನೆಗೆ ಹೋದರೆ ಅತ್ತೆ ಒಬ್ಬಟ್ಟು ಬೇಯಿಸುತ್ತಿದ್ದರು. ಪಕ್ಕದಲ್ಲೇ ಕುರ್ಚಿ ಎಳೆದುಕೊಂಡು ಕೂತೆ. ಒಂದು ಯಂತ್ರ ಒಂಬತ್ತಾಗುವುದು ಹೇಗೆ ಎಂದು ಅವರು ಕೇಳಿದರು, ನಾನು ಹೇಳಿದೆ. ಅಮೆರಿಕಕ್ಕೆ ಹೋಗಬೇಕಿದ್ದ ಡಬ್ಬಗಳಲ್ಲಿ ಮಕ್ಕಳ ಬನಿಯನ್‌ಗೆ ಎಕ್ಸ್‌ಎಲ್ ಲೇಬಲ್ ಹೊಲಿದಿದ್ದನ್ನು ತಾವು ಹಿಡಿದ ಕಥೆಯನ್ನು ಅವರು ಹೇಳಿದರು. ಹೆಂಡತಿ ಬಾಗಿಲಲ್ಲಿ ನಿಂತು, "ಇವತ್ತು ನನ್ನ ಯಾರೂ ಮಾತಾಡ್ಸಲ್ಲವಾ?" ಎಂದಳು. ನಾವಿಬ್ಬರೂ ಅವಳಿಗೆ ಉತ್ತರ ಕೊಡುವುದನ್ನೂ ಮರೆತು ಕಥೆ ಮುಂದುವರಿಸಿದೆವು.